ನೂರುನ್ನಿಸಾ: ಹೆಸರಿನ ಅರ್ಥ, ಹೆಸರಿನ ಬದುಕು



ನಮ್ಮ ಏಳನೇ ತರಗತಿಯಲ್ಲಿ ಹಾಜರಿ ಕರೆಯುವಾಗ ನೂರುನ್ನಿಸಾ ಎಂಬ ಹೆಸರು ಬಂದ ಕೂಡಲೇ ಹಿಂದಿನ ಬೆಂಚಿನಿಂದ ಯಾರಾದರೊಬ್ಬ ತುಂಟ ನೂರಾಒಂದು, ನೂರಾಎರಡು ಎಂದು ಮೆಲ್ಲಗೆ ಎಣಿಸಲು ತೊಡಗುತ್ತಾನೆ. ತರಗತಿ ನಗುತ್ತದೆ. ಆ ಹುಡುಗಿ ತಲೆ ತಗ್ಗಿಸುತ್ತಾಳೆ. ಕನ್ನಡದ ನೂರಕ್ಕೂ ಅರಬಿಯ ನೂರ್‌ಗೂ ಯಾವ ನಂಟೂ ಇಲ್ಲ ಎಂದು ನಾನು ಎಷ್ಟು ಸಲ ಹೇಳಿದರೂ ಮಕ್ಕಳಿಗೆ ತಮಾಷೆಯೇ ಹೆಚ್ಚು ಇಷ್ಟ.

ಕಳೆದ ವರ್ಷದ ಕೊನೆಯಲ್ಲಿ ಅವಳ ತಂದೆ ಗುಂಡ್ಲುಪೇಟೆಯ ಸಂತೆ ಮುಗಿಸಿಕೊಂಡು ಶಾಲೆಗೆ ಬಂದರು. ಕೈಯಲ್ಲಿ ಒಂದು ಅರ್ಜಿ. ಮಗಳು ಹೈಸ್ಕೂಲಿಗೆ ಹೋಗುವ ಮುಂಚೆ ಹೆಸರು ಬದಲಾಯಿಸಬೇಕು, ಇದು ಅವಳ ದಾದಿಯ ಹೆಸರು, ಮುದುಕಿಯರ ಹೆಸರಿನಂತಿದೆ, ಈಗಿನವರ ಹಾಗೆ ಚಿಕ್ಕದೊಂದು ಹೆಸರು ನೀವೇ ಹುಡುಕಿ ಕೊಡಿ ಆಪಾ, ನಿಮಗೆ ಅರಬಿ ಅಕ್ಷರ ಗೊತ್ತಲ್ಲ ಎಂದರು. ಇನ್ನೊಂದು ತೊಂದರೆಯನ್ನೂ ಹೇಳಿದರು. ದಾಖಲಾತಿ ಪುಸ್ತಕದಲ್ಲಿ ನೂರ್ ಉನ್ನೀಸಾ ಎಂದಿದೆ, ಆಧಾರ್‌ನಲ್ಲಿ ನೂರುಲ್ ನಿಶಾ ಎಂದಿದೆ, ಪಡಿತರ ಚೀಟಿಯಲ್ಲಿ ಬರೀ ನೂರ್ ಎಂದಿದೆ. ವಿದ್ಯಾರ್ಥಿವೇತನದ ಅರ್ಜಿ ಇದೇ ಕಾರಣಕ್ಕೆ ಒಮ್ಮೆ ತಿರಸ್ಕೃತವಾಗಿತ್ತು. ಹೆಸರನ್ನೇ ತೆಗೆದುಬಿಟ್ಟರೆ ಕಷ್ಟ ಮುಗಿಯಿತಲ್ಲ ಎಂಬುದು ಅವರ ಲೆಕ್ಕ. ಅದು ತಪ್ಪು ಲೆಕ್ಕ ಎಂದು ನಾನು ಹೇಳಲಾರೆ. ಎಸ್ಸೆಸ್ಸೆಲ್ಸಿ ಅಂಕಪಟ್ಟಿಯಲ್ಲಿ ಅಚ್ಚಾದ ಹೆಸರು ಮುಂದೆ ಜೀವನಪೂರ್ತಿ ಬೆನ್ನಿಗಿರುತ್ತದೆ ಎಂಬುದು ಮೇಷ್ಟ್ರುಗಳಾದ ನಮಗಿಂತ ಚೆನ್ನಾಗಿ ಯಾರಿಗೆ ಗೊತ್ತು?

ಆದರೂ ಸ್ವಲ್ಪ ಸಮಯ ಕೊಡಿ ಎಂದು ಕೇಳಿ ಅರ್ಜಿ ಇರಿಸಿಕೊಂಡೆ. ಆ ತಂದೆಗೂ ಆ ಮಗಳಿಗೂ ಹೇಳಬೇಕೆಂದು ಕಲೆಹಾಕಿದ್ದನ್ನು ನಿಮ್ಮ ಮುಂದೆಯೂ ಇಡುತ್ತಿದ್ದೇನೆ.

ಮೊದಲು ಹೆಸರಿನ ಅರ್ಥ ನೋಡೋಣ. ನೂರ್ ಎಂದರೆ ಬೆಳಕು. ನೂನ್, ವಾವ್, ರೇ ಎಂಬ ಮೂರು ಅಕ್ಷರಗಳ ಧಾತುವಿನಿಂದ ಬಂದ ಪದ. ಇದೇ ಮನೆಯ ಮಕ್ಕಳು ನಮ್ಮ ನಡುವೆ ಬೇಕಾದಷ್ಟಿದ್ದಾರೆ. ಬೆಳಗುವವನು ಮುನೀರ್, ಬೆಳಗಿದ್ದು ಮುನವ್ವರ್, ಹೆಚ್ಚು ಬೆಳಗುವವನು ಅನ್ವರ್. ನಮ್ಮ ಮಸೀದಿಯ ಮಿನಾರೂ ಇದೇ ಕುಲದ್ದು. ದಾರಿಹೋಕರಿಗೆ ದೀಪವಿಡುವ ಎತ್ತರದ ಜಾಗ ಎಂಬುದು ಅದರ ಮೂಲ ಅರ್ಥ. ಇನ್ನು ನಿಸಾ ಎಂದರೆ ಹೆಂಗಸರು, ಬಹುವಚನ. ಒಬ್ಬ ಹೆಂಗಸನ್ನು ಹೇಳಲು ಅರಬಿಯಲ್ಲಿ ಬೇರೆಯೇ ಪದ ಇದೆ, ನಿಸಾ ಪದಕ್ಕೆ ಅದರದೇ ಧಾತುವಿನ ಏಕವಚನ ಇಲ್ಲ. ವ್ಯಾಕರಣದ ಈ ಚಿಕ್ಕ ಸಂಗತಿ ನನಗೆ ಬಹಳ ಇಷ್ಟ. ಪವಿತ್ರ ಕುರ್‌ಆನಿನ 4ನೇ ಸೂರಾ ಅನ್ನಿಸಾ, 24ನೇ ಸೂರಾ ಅನ್ನೂರ್. ಈ ಹೆಸರಿನಲ್ಲಿ ಎರಡೂ ಕೂಡಿವೆ. ಹೆಂಗಸರ ಬೆಳಕು ಎಂದರೂ ಸರಿ, ಹೆಂಗಸರಲ್ಲಿ ಬೆಳಕು ಎಂದರೂ ಸರಿ.

ನಡುವಿನ ಉನ್ ಎಲ್ಲಿಂದ ಬಂತು? ನೂರ್ ಪದದ ಕೊನೆಯ ಉಕಾರ, ಅದಕ್ಕೆ ಸೇರಿದ ಅಲ್ ಎಂಬ ಉಪಪದ. ಅರಬಿಯ 28 ಅಕ್ಷರಗಳಲ್ಲಿ 14 ಶಮ್ಸಿ, 14 ಕಮರಿ. ಶಮ್ಸಿ ಅಕ್ಷರದ ಮುಂದೆ ಅಲ್ ಬಂದರೆ ಲಾಮ್ ಬರೆಯುತ್ತಾರೆ, ಓದುವುದಿಲ್ಲ. ಮುಂದಿನ ಅಕ್ಷರವೇ ಇಮ್ಮಡಿಯಾಗುತ್ತದೆ. ನೂನ್ ಶಮ್ಸಿ ಅಕ್ಷರ. ಹಾಗಾಗಿ ನೂರುಲ್ ನಿಸಾ ತಪ್ಪು, ನೂರುನ್ನಿಸಾ ಸರಿ. ಅದು ಒಂದೇ ಪದ. ಕಂಪ್ಯೂಟರ್ ಅರ್ಜಿಗಳಲ್ಲಿ ನೂರ್ ಎಂಬುದನ್ನು ಮೊದಲ ಹೆಸರು, ಉನ್ನಿಸಾ ಎಂಬುದನ್ನು ಮನೆತನದ ಹೆಸರು ಎಂದು ತುಂಬಿದ್ದನ್ನು ಕಂಡಿದ್ದೇನೆ. ಉನ್ನಿಸಾ ಎಂಬ ಮನೆತನ ಲೋಕದಲ್ಲಿ ಎಲ್ಲಿಯೂ ಇಲ್ಲ!

ಎರಡೂ ಪದ ಅರಬಿಯದಾದರೂ ಹೀಗೆ ಹೊಸೆದು ಹೆಸರಿಡುವ ಪದ್ಧತಿ ಅರಬರ ನಾಡಿಗಿಂತ ಹೆಚ್ಚಾಗಿ ನಮ್ಮ ಹಿಂದೂಸ್ತಾನದ್ದು. ಮೊಗಲರ ಅಂತಃಪುರದಲ್ಲಿ ಅದಕ್ಕೆ ಬಹಳ ಮನ್ನಣೆಯಿತ್ತು. ನೂರ್ ಜಹಾನ್ ಬೇಗಂ ಹುಟ್ಟಿದಾಗಿನ ಹೆಸರು ಮೆಹ್ರುನ್ನಿಸಾ. ಔರಂಗಜೇಬನ ಮಗಳು, ಕವಯಿತ್ರಿ, ಜೇಬುನ್ನಿಸಾ. ಅಲಿಗಢದ ವಿದ್ಯಾಸಂಸ್ಥೆಯನ್ನು ಕಟ್ಟಿದ ಸರ್ ಸಯ್ಯದ್ ಅಹಮದ್ ಖಾನರಿಗೆ ಮೊದಲ ಪಾಠ ಹೇಳಿದ ತಾಯಿ ಅಜೀಜುನ್ನಿಸಾ. ನಮ್ಮ ಹತ್ತಿರದ ಶ್ರೀರಂಗಪಟ್ಟಣಕ್ಕೆ ಬನ್ನಿ. ಗುಂಬಜಿನೊಳಗೆ ಹೈದರಲಿ, ಟಿಪ್ಪು ಸುಲ್ತಾನರ ಜೊತೆಯಲ್ಲಿ ಮೂರನೆಯ ಗೋರಿಯೊಂದಿದೆ. ಶಾಲಾ ಪ್ರವಾಸದಲ್ಲಿ ಹೋದ ಮಕ್ಕಳು ಅದರ ಬಗ್ಗೆ ಕೇಳುವುದೇ ಇಲ್ಲ. ಅದು ಟಿಪ್ಪುವಿನ ತಾಯಿ ಫಾತಿಮಾ ಫಖ್ರುನ್ನಿಸಾ ಅವರದು. ಒಂದು ಕಾಲಕ್ಕೆ ಚಾಮರಾಜನಗರದ ಮೊಹಲ್ಲಾಗಳಲ್ಲಿ ಖೈರುನ್ನಿಸಾ, ಬದ್ರುನ್ನಿಸಾ, ಶಮ್ಸುನ್ನಿಸಾ ಎಂದು ಕರೆದರೆ ಪ್ರತಿ ಮನೆಯಿಂದಲೂ ಒಬ್ಬರು ಓಗೊಡುತ್ತಿದ್ದರು. ಈಗ ನನ್ನ ಶಾಲೆಯ ಇಡೀ ಹಾಜರಿ ಪುಸ್ತಕದಲ್ಲಿ ನೂರುನ್ನಿಸಾ ಒಬ್ಬಳೇ.

ಈ ಹೆಸರಿನ ಒಬ್ಬಾಕೆಯನ್ನು ನೀವು ಬಲ್ಲಿರಿ. ಆದರೆ ಪೂರ್ತಿ ಹೆಸರಿನಿಂದ ಬಲ್ಲಿರಾ ಎಂಬುದು ನನ್ನ ಅನುಮಾನ. ಲೋಕ ಆಕೆಯನ್ನು ನೂರ್ ಇನಾಯತ್ ಖಾನ್ ಎನ್ನುತ್ತದೆ. ತಂದೆ ತಾಯಿ ಇಟ್ಟ ಹೆಸರು ನೂರುನ್ನಿಸಾ.

ಆಕೆಯ ಕಥೆ ಆರಂಭವಾಗುವುದು ನಮ್ಮ ಮೈಸೂರು ಸೀಮೆಯಲ್ಲೇ. 1799ರ ಮೇ 4ರಂದು ಟಿಪ್ಪು ಸುಲ್ತಾನ್ ಹುತಾತ್ಮರಾದ ಮೇಲೆ ಇಂಗ್ಲಿಷರು ಅವರ ಕುಟುಂಬವನ್ನು ವೆಲ್ಲೂರಿನ ಕೋಟೆಗೆ ಸಾಗಿಸಿದರು. 1806ರ ವೆಲ್ಲೂರು ದಂಗೆಯ ನಂತರ ಅಲ್ಲಿಂದ ದೂರದ ಕಲ್ಕತ್ತೆಗೆ ಕಳಿಸಿದರು. ಕುಟುಂಬ ಚದುರಿಹೋಯಿತು. ಆ ವಂಶದ ಕಾಸಿಂ ಬಿ ಎಂಬ ಹೆಣ್ಣುಮಗಳು, ಟಿಪ್ಪುವಿನ ಮೊಮ್ಮಗಳು, ಮೌಲಾ ಬಖ್ಷ್ ಎಂಬ ಸಂಗೀತಗಾರನ ಕೈಹಿಡಿದಳೆಂದು ಇನಾಯತ್ ಖಾನರ ಮನೆತನದವರು ತಲೆಮಾರುಗಳಿಂದ ಹೇಳಿಕೊಂಡು ಬಂದಿದ್ದಾರೆ. ಮೌಲಾ ಬಖ್ಷ್ ಉತ್ತರದವರು. ಹುಟ್ಟಿನ ಹೆಸರು ಚೋಲೆ ಖಾನ್. ಅವರ ಹಾಡು ಕೇಳಿದ ಫಕೀರರೊಬ್ಬರು ಹೆಸರು ಬದಲಾಯಿಸಿ ಮೌಲಾ ಬಖ್ಷ್ ಎಂದು ಕರೆದರಂತೆ. ದಕ್ಷಿಣಕ್ಕೆ ಬಂದು, ಕರ್ನಾಟಕ ಸಂಗೀತವನ್ನೂ ಕಲಿತು, ಮುಮ್ಮಡಿ ಕೃಷ್ಣರಾಜ ಒಡೆಯರ ಕಾಲದ ಮೈಸೂರು ಆಸ್ಥಾನದಲ್ಲಿ ಛತ್ರ ಚಾಮರದ ಮರ್ಯಾದೆ ಪಡೆದರು. ಇದೇ ಮುಮ್ಮಡಿಯವರು ಅರಿಕುಠಾರ ಎಂದಿದ್ದ ನಮ್ಮೂರಿಗೆ ತಮ್ಮ ತಂದೆಯ ಹೆಸರಿಟ್ಟು ಚಾಮರಾಜನಗರ ಮಾಡಿದವರು, 1826ರಲ್ಲಿ ಚಾಮರಾಜೇಶ್ವರ ದೇವಸ್ಥಾನ ಕಟ್ಟಿಸಿದವರು. ಊರೂ ಹೆಸರು ಬದಲಾಯಿಸಿಕೊಳ್ಳುತ್ತದೆ ನೋಡಿ! ಮುಂದೆ ಮೌಲಾ ಬಖ್ಷ್ ಬರೋಡೆಯಲ್ಲಿ ನೆಲೆಸಿ, ಅಲ್ಲಿ 1886ರಲ್ಲಿ ಗಾಯನಶಾಲೆ ಸ್ಥಾಪಿಸಿದರು. ಅವರ ಮಗಳು ಖತೀಜಾಬಿಯ ಮಗನೇ ಇನಾಯತ್ ಖಾನ್, 1882ರಲ್ಲಿ ಬರೋಡೆಯಲ್ಲಿ ಹುಟ್ಟಿದವರು, ವೀಣೆ ನುಡಿಸುತ್ತಿದ್ದವರು, ಸೂಫಿ ಮಾರ್ಗ ಹಿಡಿದವರು.

1910ರ ಸೆಪ್ಟೆಂಬರ್ 13ರಂದು ಇನಾಯತ್ ಖಾನ್ ಮುಂಬಯಿಯಲ್ಲಿ ಹಡಗು ಹತ್ತಿ ಅಮೆರಿಕೆಗೆ ಹೊರಟರು. ಈ ತಾರೀಖನ್ನು ದಯವಿಟ್ಟು ನೆನಪಿನಲ್ಲಿಡಿ. ಅಲ್ಲಿ ಓರಾ ರೇ ಬೇಕರ್ ಎಂಬ ಅಮೆರಿಕದ ಹುಡುಗಿ ಅವರನ್ನು ಮೆಚ್ಚಿದಳು. ಮನೆಯವರ ವಿರೋಧವನ್ನು ಲೆಕ್ಕಿಸದೆ ಸಮುದ್ರ ದಾಟಿ ಬಂದು 1913ರಲ್ಲಿ ಲಂಡನ್ನಿನಲ್ಲಿ ಮದುವೆಯಾದಳು. ಅಮೀನಾ ಬೇಗಂ ಎಂಬ ಹೆಸರು ಪಡೆದಳು. 1914ರ ಜನವರಿ 1ರಂದು ಮಾಸ್ಕೋದಲ್ಲಿ ಅವರ ಮೊದಲ ಮಗು ಹುಟ್ಟಿತು. ಅದಕ್ಕೆ ನೂರುನ್ನಿಸಾ ಎಂದು ಹೆಸರಿಟ್ಟರು, ಮನೆಯಲ್ಲಿ ಬಾಬುಲಿ ಎಂದು ಕರೆದರು. ಯೋಚಿಸಿ ನೋಡಿ. ರಷ್ಯದ ಹಿಮದಲ್ಲಿ, ಅಮೆರಿಕದ ತಾಯಿಗೆ ಹುಟ್ಟಿದ ಮಗುವಿಗೆ ಆ ತಂದೆ ಹುಡುಕಿದ್ದು ನಮ್ಮ ಮೊಹಲ್ಲಾದ ಹೆಸರನ್ನು. ಆಮೇಲೆ ವಿಲಾಯತ್, ಹಿದಾಯತ್ ಎಂಬ ಇಬ್ಬರು ಗಂಡುಮಕ್ಕಳು. 1919ರಲ್ಲಿ ಹುಟ್ಟಿದ ಕಿರಿಯವಳಿಗೆ ಖೈರುನ್ನಿಸಾ ಎಂದಿಟ್ಟರು.

ಮೊದಲ ಮಹಾಯುದ್ಧದ ವರ್ಷಗಳನ್ನು ಲಂಡನ್ನಿನಲ್ಲಿ ಬಡತನದಲ್ಲೇ ಕಳೆದು ಕುಟುಂಬ 1920ರಲ್ಲಿ ಫ್ರಾನ್ಸಿಗೆ ಹೋಯಿತು. 1922ರಲ್ಲಿ ಪ್ಯಾರಿಸಿನ ಪಕ್ಕದ ಸುರೇನ್ ಎಂಬ ಊರಿನಲ್ಲಿ ಅಭಿಮಾನಿಯೊಬ್ಬರು ಮನೆ ಕೊಡಿಸಿದರು. ಅದಕ್ಕೆ ಫಜಲ್ ಮಂಜಿಲ್ ಎಂದು ಹೆಸರಾಯಿತು. ಮನೆಯ ತುಂಬ ಸಂಗೀತ, ಪ್ರಾರ್ಥನೆ, ಬಂದು ಹೋಗುವ ಶಿಷ್ಯರು. ಮಕ್ಕಳಿಗೆ ತಂದೆ ಕಲಿಸಿದ ಮೊದಲ ಪಾಠ ಸುಳ್ಳು ಹೇಳಬಾರದು ಎಂಬುದು. ಇದನ್ನೂ ನೆನಪಿಡಿ, ಮುಂದೆ ಬೇಕಾಗುತ್ತದೆ.

ನೂರುನ್ನಿಸಾಳಿಗೆ 13 ವರ್ಷವಾದಾಗ ತಂದೆ ಹಿಂದೂಸ್ತಾನಕ್ಕೆ ಬಂದಿದ್ದವರು 1927ರ ಫೆಬ್ರವರಿ 5ರಂದು ದೆಹಲಿಯಲ್ಲಿ ತೀರಿಕೊಂಡರು. ಹಜ್ರತ್ ನಿಜಾಮುದ್ದೀನರ ದರ್ಗಾದ ಹತ್ತಿರವೇ ಅವರ ಸಮಾಧಿಯಿದೆ. ತಾಯಿ ದುಃಖದಿಂದ ಕೋಣೆ ಸೇರಿದರು, ಬಹುಕಾಲ ಹೊರಗೆ ಬರಲಿಲ್ಲ. ಮನೆ ನಡೆಸುವುದು, ಮೂವರು ಚಿಕ್ಕವರನ್ನು ಎಬ್ಬಿಸಿ ಉಣಿಸಿ ಶಾಲೆಗೆ ಕಳಿಸುವುದು ಎಲ್ಲವೂ ಹದಿಮೂರರ ಹುಡುಗಿಯ ಪಾಲಿಗೆ ಬಂತು. ನಮ್ಮಲ್ಲೂ ಎಷ್ಟೋ ಮನೆಗಳಲ್ಲಿ ಹಿರಿಯ ಮಗಳ ಹಣೆಬರಹ ಇದೇ ಅಲ್ಲವೇ? ನಮ್ಮಲ್ಲಿ ಆ ಹುಡುಗಿ ಶಾಲೆ ಬಿಡುತ್ತಾಳೆ. ಇವಳು ಬಿಡಲಿಲ್ಲ. ಸೊರ್ಬಾನ್ ವಿಶ್ವವಿದ್ಯಾಲಯದಲ್ಲಿ ಮಕ್ಕಳ ಮನಶ್ಶಾಸ್ತ್ರ ಓದಿದಳು. ನಾದಿಯಾ ಬುಲಾಂಜೆ ಎಂಬ ಹೆಸರಾಂತ ಗುರುವಿನ ಬಳಿ ಸಂಗೀತ ಕಲಿತಳು. ಪಿಯಾನೋ, ಹಾರ್ಪ್ ನುಡಿಸುತ್ತಿದ್ದಳು. ಮಕ್ಕಳಿಗಾಗಿ ಕಥೆ ಬರೆದಳು. ಪ್ಯಾರಿಸಿನ ಫಿಗಾರೋ ಪತ್ರಿಕೆಯಲ್ಲೂ ರೇಡಿಯೋದಲ್ಲೂ ಅವು ಬಂದವು. 1939ರಲ್ಲಿ ಬುದ್ಧನ ಹಿಂದಿನ ಜನ್ಮಗಳ ಜಾತಕ ಕಥೆಗಳಲ್ಲಿ ಇಪ್ಪತ್ತನ್ನು ಆರಿಸಿ ಇಂಗ್ಲಿಷಿನಲ್ಲಿ ಮಕ್ಕಳಿಗೆ ಹೇಳಿದ ಪುಸ್ತಕ ಲಂಡನ್ನಿನಲ್ಲಿ ಅಚ್ಚಾಯಿತು. ಯುದ್ಧ ಬಾರದಿದ್ದರೆ ಆಕೆ ಒಳ್ಳೆಯ ಮಕ್ಕಳ ಸಾಹಿತಿಯಾಗಿ, ಬಹುಶಃ ಒಳ್ಳೆಯ ಶಿಕ್ಷಕಿಯಾಗಿ ಬಾಳಿರುತ್ತಿದ್ದಳು ಎಂದು ನಾನು ನಂಬಿದ್ದೇನೆ.

ಯುದ್ಧ ಬಂತು. 1940ರ ಜೂನಿನಲ್ಲಿ ಹಿಟ್ಲರನ ಸೈನ್ಯ ಪ್ಯಾರಿಸಿಗೆ ನುಗ್ಗಿತು. ಕುಟುಂಬ ಊರು ಬಿಟ್ಟು, ಜನಸಾಗರದ ನಡುವೆ ಬೋರ್ಡೊ ಬಂದರಿಗೆ ಓಡಿ, ಅಲ್ಲಿಂದ ಇಂಗ್ಲೆಂಡು ಸೇರಿತು. ಅಹಿಂಸೆಯ ಪಾಠ ಕಲಿತ ಅಕ್ಕ, ತಮ್ಮ ಇಬ್ಬರೂ ಕುಳಿತು ಯೋಚಿಸಿದರು. ಯೆಹೂದಿಗಳನ್ನು ಹುಡುಕಿ ಹುಡುಕಿ ಹಿಂಸಿಸುವ ಈ ಆಡಳಿತದ ಮುಂದೆ ಸುಮ್ಮನೆ ಕೂರುವುದು ಅಹಿಂಸೆಯಲ್ಲ ಎಂಬ ತೀರ್ಮಾನಕ್ಕೆ ಬಂದರು. ಆದರೆ ಯಾರನ್ನೂ ಕೊಲ್ಲಬೇಕಾಗಿಲ್ಲದ, ತಮ್ಮ ಪ್ರಾಣಕ್ಕೆ ಮಾತ್ರ ಅಪಾಯವಿರುವ ಕೆಲಸ ಬೇಕು ಎಂದುಕೊಂಡರು.

1940ರ ನವೆಂಬರ್ 19ರಂದು ಆಕೆ ಬ್ರಿಟಿಷ್ ವಾಯುಪಡೆಯ ಮಹಿಳಾ ದಳ ಸೇರಿದಳು. ಯುದ್ಧದ ಈ ವರ್ಷಗಳಲ್ಲಿ ಆಕೆ ಬಳಸಿದ ಹೆಸರು ನೋರಾ ಬೇಕರ್. ತಾಯಿಯ ತವರಿನ ಹೆಸರು. ಮೊದಲ ಸಲ ನೂರುನ್ನಿಸಾ ಮರೆಗೆ ಸರಿದದ್ದು ಹೀಗೆ. ಅಲ್ಲಿ ನಿಸ್ತಂತು ಸಂದೇಶ ಕಳಿಸುವ ಮೋರ್ಸ್ ಸಂಕೇತ ಕಲಿತಳು. ವೀಣೆ, ಹಾರ್ಪ್ ಮೀಟಿದ ಬೆರಳುಗಳಿಗೆ ಅದು ಬೇಗ ಒಲಿಯಿತು.

ಇಲ್ಲಿ ನಿಮ್ಮಲ್ಲಿ ಕೆಲವರು ಮುಖ ಸಿಂಡರಿಸಬಹುದು. ಟಿಪ್ಪುವನ್ನು ಕೊಂದವರ ಸೈನ್ಯದಲ್ಲಿ ಟಿಪ್ಪುವಿನ ವಂಶದ ಹುಡುಗಿಯೇ? ನಮ್ಮ ಸ್ಟಾಫ್ ರೂಮಿನಲ್ಲಿ ಹಿರಿಯ ಸಹೋದ್ಯೋಗಿಯೊಬ್ಬರು ಇದೇ ಮಾತನ್ನು ನೇರವಾಗಿ ಕೇಳಿದರು. ಪ್ರಶ್ನೆ ನ್ಯಾಯವಾದದ್ದೇ. ಅದು ಆಕೆಗೂ ಹೊಳೆದಿತ್ತು. ಅಧಿಕಾರಿ ಹುದ್ದೆಯ ಸಂದರ್ಶನದಲ್ಲಿ ಹಿಂದೂಸ್ತಾನದ ಸ್ವಾತಂತ್ರ್ಯದ ಬಗ್ಗೆ ಕೇಳಿದಾಗ, ಈ ಯುದ್ಧ ಮುಗಿದ ಮೇಲೆ ತನ್ನ ದೇಶದ ಬಿಡುಗಡೆಯ ಪಕ್ಷವನ್ನೇ ಹಿಡಿಯಬೇಕಾದೀತು ಎಂಬರ್ಥದ ಉತ್ತರ ಕೊಟ್ಟಳು. ಇಂಥ ಉತ್ತರ ಕೊಟ್ಟರೆ ಹುದ್ದೆ ಕೈತಪ್ಪಬಹುದೆಂದು ಯಾರಿಗಾದರೂ ಗೊತ್ತಾಗುತ್ತದೆ. ಸುಳ್ಳು ಹೇಳಬಾರದು ಎಂಬ ಪಾಠ ಆಕೆಯನ್ನು ಬಿಡಲಿಲ್ಲ. ನನ್ನ ಮಟ್ಟಿಗೆ ಆ ಸಹೋದ್ಯೋಗಿಯ ಪ್ರಶ್ನೆಗೆ ಇಷ್ಟು ಉತ್ತರ ಸಾಕು. ಅವರಿಗೆ ಸಾಕಾಗಲಿಲ್ಲ, ನಮ್ಮ ಚರ್ಚೆ ಇನ್ನೂ ಮುಗಿದಿಲ್ಲ.

1943ರ ಫೆಬ್ರವರಿಯಲ್ಲಿ ಶತ್ರುವಶದ ದೇಶಗಳಿಗೆ ಗುಪ್ತವಾಗಿ ಜನರನ್ನು ಕಳಿಸುವ ಸಂಸ್ಥೆಯೊಂದು ಆಕೆಯನ್ನು ಆರಿಸಿಕೊಂಡಿತು. ಫ್ರೆಂಚ್ ಮಾತು ತಾಯ್ನುಡಿಯಷ್ಟೇ ಸಲೀಸು, ನಿಸ್ತಂತು ಕೆಲಸ ಗೊತ್ತು, ಅಂಥವರ ಕೊರತೆ ಬಹಳವಿತ್ತು. ಆದರೆ ತರಬೇತಿ ಕೊಟ್ಟವರಲ್ಲಿ ಒಮ್ಮತವಿರಲಿಲ್ಲ. ಬಂದೂಕು ಕಂಡರೆ ಹೆದರುತ್ತಾಳೆ, ಸುಳ್ಳು ಹೇಳಲು ಬಾರದು, ಕನಸಿನಲ್ಲಿದ್ದಂತೆ ಇರುತ್ತಾಳೆ, ಒಮ್ಮೆ ನೋಡಿದವರು ಆ ಮುಖ ಮರೆಯುವುದಿಲ್ಲ ಎಂದು ಕೆಲವರು ಬರೆದಿಟ್ಟರು. ಗೂಢಚರ್ಯೆಗೆ ಇವೆಲ್ಲ ದೋಷಗಳು. ಅವರು ಬರೆದದ್ದು ಪೂರ್ತಿ ತಪ್ಪೂ ಆಗಿರಲಿಲ್ಲ ಎಂಬುದನ್ನು ಮುಂದೆ ನೋಡುತ್ತೀರಿ. ಆದರೂ ಮುಖ್ಯಸ್ಥರು ಕಳಿಸಿಯೇ ಬಿಟ್ಟರು.

1943ರ ಜೂನ್ 16ರ ರಾತ್ರಿ ಸಣ್ಣ ವಿಮಾನವೊಂದು ಆಕೆಯನ್ನು ಫ್ರಾನ್ಸಿನ ಹೊಲವೊಂದರಲ್ಲಿ ಇಳಿಸಿ ಹಾರಿಹೋಯಿತು. ಶತ್ರುವಶದ ಫ್ರಾನ್ಸಿಗೆ ಇಂಗ್ಲೆಂಡಿನಿಂದ ಹೋದ ಮೊದಲ ಮಹಿಳಾ ನಿಸ್ತಂತು ಚಾಲಕಿ ಆಕೆ. ಕಾಗದಪತ್ರಗಳಲ್ಲಿ ಮಕ್ಕಳನ್ನು ನೋಡಿಕೊಳ್ಳುವ ಆಯಾ ಜಾನ್ ಮರಿ ರೆನಿಯೆ, ಸಂಗಡಿಗರ ನಡುವೆ ಮದ್ಲೆನ್. ಎಣಿಸುತ್ತಿದ್ದೀರಾ? ನೂರುನ್ನಿಸಾ, ಬಾಬುಲಿ, ನೋರಾ ಬೇಕರ್, ಜಾನ್ ಮರಿ, ಮದ್ಲೆನ್. ಐದಾಯಿತು.

ಹೋಗಿ ಎರಡು ವಾರ ತುಂಬುವುದರೊಳಗೆ ಪ್ಯಾರಿಸಿನ ದೊಡ್ಡ ಗುಪ್ತ ಜಾಲ ಜರ್ಮನ್ನರ ಕೈಗೆ ಸಿಕ್ಕಿಬಿತ್ತು. ಜೊತೆಯವರು ಒಬ್ಬೊಬ್ಬರಾಗಿ ಬಂಧಿತರಾದರು. ವಾಪಸು ಬಾ, ವಿಮಾನ ಕಳಿಸುತ್ತೇವೆ ಎಂದು ಲಂಡನ್ನಿನಿಂದ ಕರೆ ಬಂತು. ಪ್ಯಾರಿಸಿನಲ್ಲಿ ಉಳಿದಿರುವ ನಿಸ್ತಂತು ತನ್ನದೊಂದೇ, ತಾನೂ ಹೋದರೆ ಇಲ್ಲಿನವರ ದನಿಯೇ ನಿಂತುಹೋಗುತ್ತದೆ ಎಂದು ಆಕೆ ಒಪ್ಪಲಿಲ್ಲ. ಆ ಯಂತ್ರ ಸೂಟ್‌ಕೇಸಿನೊಳಗೆ ಇಡುವಂಥದ್ದು, ಸುಮಾರು 15 ಕಿಲೋ ತೂಕ. ಆಕೆಯೋ ಐದಡಿ ಮೂರಂಗುಲದ ತೆಳ್ಳಗಿನ ಹೆಂಗಸು. ಸಂದೇಶ ಕಳಿಸಲು ಉದ್ದನೆಯ ತಂತಿಯನ್ನು ಕಿಟಕಿಯಾಚೆ ಮರಕ್ಕೋ ಛಾವಣಿಗೋ ಕಟ್ಟಬೇಕು. ಒಂದೇ ಜಾಗದಲ್ಲಿ ಇಪ್ಪತ್ತು ನಿಮಿಷ ಮೀರಿ ಕೂತರೆ ದಿಕ್ಕು ಪತ್ತೆ ಮಾಡುವ ಜರ್ಮನ್ ವ್ಯಾನುಗಳು ಬಾಗಿಲಿಗೆ ಬರುತ್ತವೆ. ಈ ಕೆಲಸದವರು ಸರಾಸರಿ ಆರು ವಾರ ಉಳಿದರೆ ಹೆಚ್ಚು ಎನ್ನುತ್ತಿದ್ದ ಕಾಲದಲ್ಲಿ ಆಕೆ ಮನೆಯಿಂದ ಮನೆಗೆ, ಬೀದಿಯಿಂದ ಬೀದಿಗೆ ಬದಲಾಯಿಸುತ್ತ, ಕೂದಲಿಗೆ ಬಣ್ಣ ಹಚ್ಚಿಕೊಳ್ಳುತ್ತ ಸುಮಾರು ನಾಲ್ಕು ತಿಂಗಳು ಉಳಿದಳು.

ಆಕೆ ಮಾಡಿದ ಒಂದು ತಪ್ಪನ್ನೂ ಹೇಳಬೇಕು. ದೊಡ್ಡವರ ಜೀವನ ಬರೆಯುವಾಗ ತಪ್ಪು ಮುಚ್ಚಿಡುವುದು ನಮ್ಮ ಪಠ್ಯಪುಸ್ತಕಗಳ ಹಳೆಯ ಚಾಳಿ. ಕಳಿಸಿದ, ಪಡೆದ ಸಂದೇಶಗಳನ್ನೆಲ್ಲ ಆಕೆ ಒಂದು ನೋಟ್‌ಬುಕ್ಕಿನಲ್ಲಿ ಬರೆದಿಟ್ಟಿದ್ದಳು. ಬರೆದಿಡಲೇಬಾರದಿತ್ತು. ಸಂದೇಶಗಳನ್ನು ಎಚ್ಚರಿಕೆಯಿಂದ ಫೈಲ್ ಮಾಡು ಎಂಬ ಆಜ್ಞೆಯನ್ನು ತಪ್ಪಾಗಿ ತಿಳಿದದ್ದೇ ಕಾರಣವಿರಬಹುದೆಂದು ಆಕೆಯ ಜೀವನಚರಿತ್ರೆ ಬರೆದವರು ಹೇಳುತ್ತಾರೆ. ಪತ್ರಿಕೆಯವರ ಇಂಗ್ಲಿಷಿನಲ್ಲಿ ಆ ಪದಕ್ಕೆ ಸುದ್ದಿ ಕಳಿಸು ಎಂದೂ ಅರ್ಥ, ಕಚೇರಿಯ ಇಂಗ್ಲಿಷಿನಲ್ಲಿ ಜೋಡಿಸಿಡು ಎಂದು ಅರ್ಥ. ಆಕೆ ಎರಡನೆಯದನ್ನು ಹಿಡಿದಳು. ಜರ್ಮನ್ನರು ಆ ಪುಸ್ತಕವನ್ನು ಬಳಸಿ ಆಕೆಯ ಹೆಸರಿನಲ್ಲೇ ಲಂಡನ್ನಿಗೆ ಸಂದೇಶ ಕಳಿಸಿದರು. ಲಂಡನ್ನಿನವರು ಪರೀಕ್ಷಿಸದೆ ನಂಬಿದರು. ಅದನ್ನು ನಂಬಿ ಇಳಿದ ಹಲವರು ನೇರವಾಗಿ ಶತ್ರುವಿನ ಕೈಗೆ ಬಿದ್ದು ಸತ್ತರು. ಭಾಷೆ ಕಲಿಸುವ ನನಗೆ ಈ ಭಾಗ ಓದಿದ ದಿನ ನಿದ್ದೆ ಬರಲಿಲ್ಲ.

1943ರ ಅಕ್ಟೋಬರ್ ಮಧ್ಯದಲ್ಲಿ, ಹಣದಾಸೆಗೆ ಬಿದ್ದ ಯಾರೋ ಸುಳಿವು ಕೊಟ್ಟರೆಂದು ಹೇಳುತ್ತಾರೆ, ಆಕೆ ಬಂಧಿತಳಾದಳು. ಪ್ಯಾರಿಸಿನ ಫೋಷ್ ರಸ್ತೆಯ 84ನೇ ನಂಬರಿನ ಕಟ್ಟಡ ಜರ್ಮನ್ ಗುಪ್ತಪೊಲೀಸರದು. ಹೋದ ದಿನವೇ ಸ್ನಾನದ ಕೋಣೆಯ ಕಿಟಕಿಯಿಂದ ಛಾವಣಿಗೆ ನುಸುಳಿ ಸಿಕ್ಕಿಬಿದ್ದಳು. ನವೆಂಬರ್ 25ರ ರಾತ್ರಿ ಇನ್ನಿಬ್ಬರು ಕೈದಿಗಳೊಡನೆ ಮತ್ತೆ ಛಾವಣಿ ಹತ್ತಿದಳು. ಅದೇ ಹೊತ್ತಿಗೆ ವಿಮಾನದಾಳಿಯ ಸೈರನ್ ಕೂಗಿತು, ಕಾವಲಿನವರು ಕೋಣೆಗಳನ್ನು ಎಣಿಸಲು ಬಂದರು, ಮೂವರೂ ಸಿಕ್ಕಿದರು. ಇನ್ನು ಓಡುವುದಿಲ್ಲ ಎಂದು ಸಹಿ ಮಾಡಿಕೊಡು ಎಂದು ಕೇಳಿದಾಗ ಆಕೆ ನಿರಾಕರಿಸಿದಳು. ಸುಳ್ಳು ಸಹಿ ಹಾಕಿ ಮತ್ತೆ ಓಡಬಹುದಿತ್ತಲ್ಲ ಎಂದು ನಿಮಗನಿಸಬಹುದು.

ಅಪಾಯಕಾರಿ ಕೈದಿ ಎಂದು ಬರೆದು ಆಕೆಯನ್ನು ಜರ್ಮನಿಯ ಫೋರ್ಟ್ಸ್‌ಹೈಮ್ ಊರಿನ ಜೈಲಿಗೆ ಒಯ್ದರು. ಸುಳಿವೇ ಸಿಗದಂತೆ ಮಾಯ ಮಾಡಬೇಕಾದ ಕೈದಿಗಳ ಪಟ್ಟಿಯಲ್ಲಿ ಸೇರಿಸಿದರು. ಒಂಟಿ ಕೋಣೆ. ಕೈಗೂ ಕಾಲಿಗೂ ಸರಪಳಿ. ತಾನೇ ಉಣ್ಣಲಾಗದು, ತಾನೇ ತೊಳೆದುಕೊಳ್ಳಲಾಗದು. ಜೈಲಿನ ಮುಖ್ಯಾಧಿಕಾರಿ ಕನಿಕರಪಟ್ಟು ಸರಪಳಿ ಬಿಚ್ಚಿಸಿದಾಗ ಮೇಲಿನವರು ಬೈದು ಮತ್ತೆ ಹಾಕಿಸಿದರು. ಹೀಗೆ ಒಂಬತ್ತು ತಿಂಗಳಿಗೂ ಮೇಲೆ. ಹೊಡೆದರೂ ಬಡಿದರೂ ಸಂಗಡಿಗರ ಹೆಸರು ಬಾಯಿಂದ ಹೊರಡಲಿಲ್ಲ.

ಆ ಜೈಲಿನಲ್ಲಿ ಫ್ರೆಂಚ್ ಹೆಂಗಸರೂ ಕೈದಿಗಳಾಗಿದ್ದರು. ಮಾತಾಡಲು ದಾರಿಯಿಲ್ಲ. ಊಟದ ಬಟ್ಟಲುಗಳು ಮಾತ್ರ ಕೋಣೆಯಿಂದ ಕೋಣೆಗೆ ಹೋಗುತ್ತಿದ್ದವು. ಬಟ್ಟಲಿನ ತಳದಲ್ಲಿ ಕೊರೆದು ಬರೆಯುವುದನ್ನು ಅವರು ಕಂಡುಕೊಂಡರು. ಹಾಗೆ ಒಂದು ದಿನ ಆಕೆ ತನ್ನ ಹೆಸರನ್ನೂ ಲಂಡನ್ನಿನ ಟ್ಯಾವಿಟನ್ ಬೀದಿಯ ಮನೆಯ ವಿಳಾಸವನ್ನೂ ಕೊರೆದು ಕಳಿಸಿದಳು. ಕೊರೆದ ಹೆಸರು ನೋರಾ ಬೇಕರ್. ಅಲ್ಲಿಯೂ ನಿಜ ಹೆಸರು ಬರೆಯಲಾಗಲಿಲ್ಲ. ಯುದ್ಧ ಮುಗಿದ ಮೇಲೆ ಆ ಫ್ರೆಂಚ್ ಹೆಂಗಸರಲ್ಲಿ ಬದುಕುಳಿದವರೊಬ್ಬರು ಕೊಟ್ಟ ಸಾಕ್ಷ್ಯ ಆಕೆ ಎಲ್ಲಿದ್ದಳೆಂದು ತಿಳಿಯಲು ನೆರವಾಯಿತು. ಬಟ್ಟಲಿನ ತಳದ ಒಂದು ಹೆಸರು!

1944ರ ಸೆಪ್ಟೆಂಬರಿನಲ್ಲಿ ಆಕೆಯನ್ನು ಇನ್ನು ಮೂವರು ಹೆಂಗಸರೊಡನೆ ಡಕಾವ್ ಶಿಬಿರಕ್ಕೆ ಸಾಗಿಸಿದರು. ಸೆಪ್ಟೆಂಬರ್ 13ರ ಬೆಳಗಿನ ಜಾವ ನಾಲ್ವರಿಗೂ ಗುಂಡಿಕ್ಕಿದರು. ಶವಗಳನ್ನು ಸುಟ್ಟರು. ಗೋರಿಯಿಲ್ಲ. ವಯಸ್ಸು 30. ತಂದೆ ಮುಂಬಯಿಯಲ್ಲಿ ಹಡಗು ಹತ್ತಿದ ದಿನದಿಂದ ಸರಿಯಾಗಿ 34 ವರ್ಷ.

ಸತ್ತ ಮೇಲೂ ಹೆಸರಿನ ತೊಡಕು ಬಿಡಲಿಲ್ಲ. ಕಾಣೆಯಾದವರನ್ನು ಹುಡುಕಲು ಲಂಡನ್ನಿನಿಂದ ಹೋದ ವೇರಾ ಆಟ್ಕಿನ್ಸ್ ಎಂಬ ಅಧಿಕಾರಿಣಿ, ನಾಟ್ಸ್‌ವೈಲರ್ ಎಂಬ ಬೇರೊಂದು ಶಿಬಿರದಲ್ಲಿ 1944ರ ಜುಲೈನಲ್ಲಿ ಕೊಂದ ಹೆಂಗಸೊಬ್ಬಳ ಚಹರೆ ಕೇಳಿ, ಅದು ನೂರ್ ಇರಬೇಕೆಂದು ಮೊದಲು ವರದಿ ಬರೆದರು. ನಿಜದಲ್ಲಿ ಅಲ್ಲಿ ಸತ್ತವಳು ಸೋನಿಯಾ ಓಲ್ಶನೆಸ್ಕಿ ಎಂಬ ಯೆಹೂದಿ ಹುಡುಗಿ. ಒಬ್ಬಳ ಸಾವಿನ ಮೇಲೆ ಇನ್ನೊಬ್ಬಳ ಹೆಸರು. ಅದು ತಿದ್ದಿ ಸರಿಹೋಗಲು 1947 ಬರಬೇಕಾಯಿತು. ದಾಖಲೆಯಲ್ಲಿ ಹೆಸರು ತಪ್ಪಾಗುವುದು ಸಣ್ಣ ವಿಷಯ ಎನ್ನುವವರಿಗೆ ನಾನು ಈ ಪ್ರಸಂಗ ಹೇಳುತ್ತೇನೆ. ಸೋನಿಯಾಳ ಮನೆಯವರಿಗೆ ಅವಳು ಏನಾದಳೆಂದು ಯಾರು ಹೇಳಿದ್ದರು?

1946ರಲ್ಲಿ ಫ್ರಾನ್ಸ್ ಆಕೆಗೆ ಕ್ರ್ವಾ ದ ಗೆರ್ ಪದಕ ನೀಡಿತು. 1949ರ ಏಪ್ರಿಲ್ 5ರಂದು ಬ್ರಿಟನ್ ಜಾರ್ಜ್ ಕ್ರಾಸ್ ಘೋಷಿಸಿತು. ರಾಜಪತ್ರದಲ್ಲಿ ಅಚ್ಚಾದದ್ದು ನೋರಾ ಇನಾಯತ್ ಖಾನ್ ಎಂದು. ತಾಯಿ ಅಮೀನಾ ಬೇಗಂ ಅದೇ ವರ್ಷ ತೀರಿಕೊಂಡರು. ಸುರೇನ್ ಊರಿನಲ್ಲಿ ಒಂದು ಜಾಗಕ್ಕೆ ಮದ್ಲೆನ್ ಎಂದು ಹೆಸರಿಟ್ಟರು. 2006ರಲ್ಲಿ ಶ್ರಾವಣಿ ಬಸು ಎಂಬ ಲೇಖಕಿ ಬರೆದ ಜೀವನಚರಿತ್ರೆ ಬಂದ ಮೇಲೆ ಆಕೆಯ ವಿಷಯ ನಮ್ಮ ದೇಶದಲ್ಲೂ ಹರಡಿತು. 2012ರ ನವೆಂಬರ್ 8ರಂದು ಲಂಡನ್ನಿನ ಗಾರ್ಡನ್ ಚೌಕದಲ್ಲಿ ಆಕೆಯ ಪ್ರತಿಮೆ ನಿಂತಿತು. 2014ರಲ್ಲಿ ಅಂಚೆಚೀಟಿ ಬಂತು. 2020ರಲ್ಲಿ ಟ್ಯಾವಿಟನ್ ಬೀದಿಯ ಆ 4ನೇ ನಂಬರಿನ ಮನೆಗೆ ಸ್ಮಾರಕದ ನೀಲಿ ಫಲಕ ಹಾಕಿದರು. ಬಟ್ಟಲಿನ ತಳದಲ್ಲಿ ಕೊರೆದ ವಿಳಾಸ ಅದೇ.

ಇಷ್ಟನ್ನೂ ಒಂದು ಶನಿವಾರ ಬೆಳಗಿನ ಶಾಲೆಯಲ್ಲಿ ಏಳನೇ ತರಗತಿಗೆ ಹೇಳಿದೆ. ಕನ್ನಡದಲ್ಲಿ ಅರ್ಧ, ಉರ್ದುವಿನಲ್ಲಿ ಅರ್ಧ. ಬಟ್ಟಲಿನ ಕಥೆ ಬಂದಾಗ ಹಿಂದಿನ ಬೆಂಚೂ ಸುಮ್ಮನಾಗಿತ್ತು. ಹುಡುಗಿ ಕೊನೆಯಲ್ಲಿ ಎದ್ದು ಒಂದೇ ಪ್ರಶ್ನೆ ಕೇಳಿದಳು. ಅಷ್ಟು ಹೆಸರುಗಳಲ್ಲಿ ಅವಳನ್ನು ಅವಳ ಅಮ್ಮಿ ಯಾವುದರಿಂದ ಕರೆಯುತ್ತಿದ್ದರು ಆಪಾ? ಬಾಬುಲಿ ಎಂದೆ. ನನ್ನ ದಾದಿಯನ್ನು ಎಲ್ಲರೂ ನೂರಮ್ಮ ಎನ್ನುತ್ತಿದ್ದರು, ಪೂರ್ತಿ ಹೆಸರು ಯಾರೂ ಕರೆಯಲಿಲ್ಲ ಎಂದು ಹೇಳಿ ಕೂತಳು.

ತಂದೆ ಮತ್ತೆ ಬಂದರು. ಎಲ್ಲ ಕೇಳಿಸಿಕೊಂಡರು. ಹೆಸರು ಒಳ್ಳೆಯದೇ ಆಪಾ, ಆದರೆ ಮೂರು ಕಾಗದದಲ್ಲಿ ಮೂರು ಥರ ಇದೆಯಲ್ಲ, ಅದಕ್ಕೇನು ಮಾಡುವುದು ಎಂದರು. ಅದಕ್ಕೆ ಉತ್ತರ ನೂರ್ ಇನಾಯತ್ ಖಾನಳ ಜೀವನದಲ್ಲಿಲ್ಲ, ತಾಲ್ಲೂಕು ಕಚೇರಿಯಲ್ಲಿದೆ. ಒಂದು ಹಾಳೆಯಲ್ಲಿ ಕನ್ನಡ, ಉರ್ದು, ಇಂಗ್ಲಿಷ್ ಮೂರರಲ್ಲೂ ಒಂದೇ ಪದವಾಗಿ ಸರಿಯಾದ ಕಾಗುಣಿತ ಬರೆದುಕೊಟ್ಟೆ. ಮೊದಲು ಆಧಾರ್ ತಿದ್ದಿಸಿ, ಅದರಂತೆ ಪಡಿತರ ಚೀಟಿ, ಅದರಂತೆ ಶಾಲೆಯ ಪುಸ್ತಕ ಎಂದು ಹೇಳಿದೆ. ನಮ್ಮ ಸಂಘದ ಸದಸ್ಯರಲ್ಲಿ ಈ ಕಚೇರಿಗಳ ದಾರಿ ಗೊತ್ತಿರುವವರು ಅನೇಕರಿದ್ದೀರಿ. ಹೀಗೆ ಮೂರು ಥರ ಹೆಸರಿನ ಹೆಣ್ಣುಮಕ್ಕಳು ನಮ್ಮ ಜಿಲ್ಲೆಯ ಶಾಲೆಗಳಲ್ಲಿ ಬಹಳಷ್ಟಿದ್ದಾರೆ. ಎಂಟನೇ ತರಗತಿ ಸೇರುವ ಮುಂಚೆ, ಬೇಸಿಗೆ ರಜೆಯಲ್ಲಿ ಒಂದು ದಿನ ಜೊತೆಗೆ ಹೋದರೂ ಸಾಕು.

ಹೆಸರು ಬದಲಾವಣೆಯ ಅರ್ಜಿ ನನ್ನ ಮೇಜಿನ ಡ್ರಾಯರಿನಲ್ಲೇ ಇದೆ. ಅವರು ಅದನ್ನು ವಾಪಸು ಕೇಳಿಲ್ಲ, ಮುಂದೆ ಕಳಿಸಿ ಎಂದೂ ಹೇಳಿಲ್ಲ.